ಹೀರೇಕಾಯಿಗೂ ಒಂದು ಮಣೆ

ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿ, ಈ ಐದು ಊರುಗಳಲ್ಲಿ ಯಾವ ಖಾನಾವಳಿಯನ್ನು ಹೊಕ್ಕರೂ, ತಟ್ಟೆಯ ನಡುವೆ ಬಿಳಿಜೋಳದ ರೊಟ್ಟಿ, ಅದರ ಸುತ್ತ ಶೇಂಗಾ ಹಿಂಡಿ, ಗಟ್ಟಿ ಮೊಸರು, ಹೆಚ್ಚಿದ ಉಳ್ಳಾಗಡ್ಡಿ, ಮತ್ತು ಇವೆಲ್ಲಕ್ಕಿಂತ ಮುಂದಾಗಿ ಎಣ್ಣೆಯಲ್ಲಿ ಮೈಮುಳುಗಿದ ಬದನೆಕಾಯಿ ಎಣ್ಣೆಗಾಯಿ ಪಟ್ಟವೇರಿ ಕುಳಿತಿರುವುದನ್ನು ಕಾಣಬಹುದು. ಎಣ್ಣೆಗಾಯಿಯನ್ನು ನಿಂದಿಸುವ ಉದ್ದೇಶ ನನಗಿಲ್ಲ. ಅದರ ರುಚಿಯನ್ನು ಅಲ್ಲಗಳೆಯುವವನು ಈ ಸೀಮೆಯಲ್ಲಿ ಹುಟ್ಟಿಯೂ ಹುಟ್ಟದವನೆಂದೇ ಹೇಳಬೇಕು. ಆದರೆ ಚೈತ್ರ ವೈಶಾಖಗಳಲ್ಲಿ ಬಿಸಿಲು 42 ಡಿಗ್ರಿಯನ್ನು ಮೀರಿ, ಕಲ್ಲುಗಣಿಗಳ ಬಂಡೆಗಳು ರಾತ್ರಿಯ ಎರಡನೆಯ ಜಾವದವರೆಗೂ ಝಳವನ್ನು ಹೊರಸೂಸುತ್ತಿರುವ ದಿನಗಳಲ್ಲಿಯೂ, ಅದೇ ಎಣ್ಣೆಗಾಯಿ, ಅದೇ ಮಸಾಲೆ, ಅದೇ ಮಿರ್ಚಿಭಜಿಗಳೇ ಹಸಿವಿಗೂ ಮರ್ಯಾದೆಗೂ ಏಕಮಾತ್ರ ಪ್ರಮಾಣಗಳಾಗಿ ನಿಂತಿರುವುದೂ, ಹೊಲದ ಬದುವಿನಲ್ಲಿ ನೀರನ್ನೇ ಮೈಯಾಗಿಸಿಕೊಂಡು ಬೆಳೆದ ಹೀರೇಕಾಯಿಗೆ ಆ ತಟ್ಟೆಯಲ್ಲಿ ಒಂದು ಮೂಲೆಯೂ ದೊರಕದಿರುವುದೂ ವಿಚಾರವಂತರು ಯೋಚಿಸತಕ್ಕ ಸಂಗತಿಗಳು.

ಹೀರೇಕಾಯಿಗೆ ಬಂದೊದಗಿರುವ ಈ ಅವಗಣನೆಗೆ ಕಾರಣ ಅದರ ಅವಗುಣವಲ್ಲ, ನಾವು ಅದಕ್ಕೆ ಕಟ್ಟಿದ ಹೆಸರು. ಜ್ವರ ಬಿಟ್ಟೆದ್ದವನಿಗೆ, ಹೊಟ್ಟೆ ಕೆಟ್ಟವನಿಗೆ, ಡಾಕ್ಟರರು ಸಕ್ಕರೆಯ ರೋಗವೆಂದು ಚೀಟಿ ಬರೆದುಕೊಟ್ಟವನಿಗೆ ಮಾತ್ರ ಸಲ್ಲುವ ಪಥ್ಯವೆಂದು ಅದನ್ನು ಬೇರೆಯಾಗಿಟ್ಟುದರಿಂದ, ಮನೆಯಲ್ಲಿ ಅದರ ಪಲ್ಯವಾದ ದಿನ ಉಣ್ಣಲು ಕುಳಿತ ಯಜಮಾನನು ತಟ್ಟೆಯನ್ನೊಮ್ಮೆ ನೋಡಿ, "ಯಾಕ, ಯಾರಿಗರ ಮೈಯಾಗ ಆರಾಮಿಲ್ಲೇನು?" ಎಂದು ಕೇಳುವುದು ಈ ಕಡೆಯ ಮನೆಗಳಲ್ಲಿ ಹೊಸ ಮಾತಲ್ಲ. ಆರೋಗ್ಯವಂತನು ಉಣ್ಣಬಾರದ ಆರೋಗ್ಯಕರ ಪದಾರ್ಥವೆಂಬ ಈ ವಿಚಿತ್ರ ನ್ಯಾಯವನ್ನು ಯಾವ ತರ್ಕಶಾಸ್ತ್ರಜ್ಞನು ಬಿಡಿಸಬಲ್ಲನೋ ನಾನರಿಯೆ.

ಇತ್ತ ಹೀರೇಕಾಯಿಯು ಹೀಗೆ ಹಿತ್ತಲಿಗೆ ತಳ್ಳಲ್ಪಟ್ಟಿರಲು, ಅತ್ತ ಹೈದರಾಬಾದು ಬೆಂಗಳೂರುಗಳ ತಂಪು ಮಳಿಗೆಗಳಲ್ಲಿ ಜುಕಿನಿ ಎಂಬ ನುಣುಪು ಮೈಯ ಹಸಿರು ಕಾಯಿ ಈಚಿನ ವರ್ಷಗಳಲ್ಲಿ ಬಹುಮಾನ್ಯವಾಗಿದೆ. ಅಲ್ಲಿ ನೌಕರಿಗಿರುವ ಮಕ್ಕಳು ಹಬ್ಬಕ್ಕೆ ಊರಿಗೆ ಬರುವಾಗ ಎರಡು ಕಾಯಿಗಳನ್ನು ಚೀಲದಲ್ಲಿ ತಂದು, ಇದು ಬಹಳ ಹಿತಕರವೆಂದೂ ದೇಹದ ತೂಕವನ್ನಿಳಿಸುವುದೆಂದೂ ತಾಯಂದಿರಿಗೆ ಉಪದೇಶಿಸುವರು. ಆಗಂತುಕನ ಕುಲಗೋತ್ರವನ್ನು ವಿಚಾರಿಸುವುದು ಅತಿಥಿಧರ್ಮವಲ್ಲವಾದರೂ ಇಲ್ಲಿ ಅದರಿಂದ ಪ್ರಯೋಜನವುಂಟು. ಅದು ನಮ್ಮ ಕುಂಬಳ, ಸೋರೆ, ಹೀರೆ, ಹಾಗಲಗಳ ಮನೆತನಕ್ಕೇ ಸೇರಿದುದು. ಅದರ ಮೂಲಸ್ಥಾನ ಅಮೆರಿಕಾ ಖಂಡ. ಮೆಕ್ಸಿಕೋ ದೇಶದ ಓಅಹಾಕಾ ಪ್ರಾಂತದ ಗುಹೆಯೊಂದರಲ್ಲಿ ದೊರೆತ ಬೀಜಗಳು ಆ ಬಳ್ಳಿಯನ್ನು ಮನುಷ್ಯನು ಸುಮಾರು 10,000 ವರ್ಷಗಳ ಹಿಂದೆಯೇ ಸಾಕತೊಡಗಿದ್ದನೆಂಬುದಕ್ಕೆ ಸಾಕ್ಷಿಯಾಗಿವೆ. ಸಾಗರವನ್ನು ದಾಟಿ ಯುರೋಪಿಗೆ ಬಂದ ಮೇಲೆ, 19ನೆಯ ಶತಮಾನದಲ್ಲಿ, ಇಟಲಿಯ ಮಿಲಾನ್ ಸೀಮೆಯ ತೋಟಿಗರ ಕೈಯಲ್ಲಿ ಅದು ಇಂದಿನ ನೀಳವಾದ ರೂಪವನ್ನು ತಳೆಯಿತು. ಉತ್ತರ ಹಿಂದುಸ್ಥಾನದಲ್ಲಿ ಅದರ ದಾಯಾದಿಯನ್ನು ಚಪ್ಪನ್ ಕದ್ದೂ ಎಂದು ಕರೆಯುವರು. ದೆಹಲಿಯ ಕೃಷಿ ಸಂಶೋಧನಾಲಯವು ಪೂಸಾ ಅಲಂಕಾರ್ ಎಂಬ ಸಂಕರ ತಳಿಯನ್ನೇ ಅದರಲ್ಲಿ ಹೊರತಂದಿದೆ. ಬಲಿತ ಕುಂಬಳವನ್ನು ಅಟ್ಟದ ಮೇಲಿಟ್ಟು ತಿಂಗಳುಗಟ್ಟಲೆ ಕಾಯಬಹುದು. ಇದನ್ನಾದರೋ ಹೂ ಬಾಡಿದ ಕೆಲವೇ ದಿನಗಳಲ್ಲಿ, ಸಿಪ್ಪೆ ಇನ್ನೂ ಉಗುರಿಗೆ ಸೋಲುವಷ್ಟು ಎಳೆಯದಾಗಿರುವಾಗಲೇ ಕೊಯ್ಯಬೇಕು. ಹೀರೇಕಾಯಿಯ ಧರ್ಮವೂ ಅದೇ. ಎರಡರಲ್ಲಿಯೂ ನೂರರಲ್ಲಿ ತೊಂಬತ್ತೈದು ಪಾಲಿನಷ್ಟು ನೀರೇ ಇರುವುದು. ಉಳಿದುದು ಕೊಂಚ ನಾರು, ಕೊಂಚ ಲವಣ, ಹೆಸರಿಗೆ ಮಾತ್ರ ಸಕ್ಕರೆ. ಹಾಗಾದರೆ ಒಂದನ್ನು ವೈದ್ಯಶಾಸ್ತ್ರದ ಪ್ರಸಾದವೆಂದು ಹಿಗ್ಗಿ ಬೆಲೆ ತೆತ್ತು, ಇನ್ನೊಂದನ್ನು ರೋಗಿಯ ಕೂಳೆಂದು ಹೀಗಳೆಯುವುದರಲ್ಲಿ ನ್ಯಾಯವೆಲ್ಲಿ? ಜುಕಿನಿಯನ್ನು ಬಹಿಷ್ಕರಿಸಬೇಕೆಂದು ನಾನು ಹೇಳುತ್ತಿಲ್ಲ. ಮೆಣಸಿನಕಾಯಿ, ಶೇಂಗಾ, ಟೊಮೇಟೊಗಳೆಲ್ಲವೂ ಅದೇ ಖಂಡದಿಂದ ಬಂದು ನಮ್ಮ ಒಲೆಯ ಮುಂದೆ ಕುಲವಧುಗಳಾಗಿ ಕುಳಿತಿರುವಾಗ ಇದೊಂದಕ್ಕೇ ಹೊಸ್ತಿಲಲ್ಲಿ ತಡೆಯೇಕೆ? ಬಂದರೆ ಬರಲಿ. ಅದರ ಹಿರಿಯಕ್ಕನು ಮನೆಯಲ್ಲಿಯೇ ಇರುವಳೆಂಬುದನ್ನು ಮಾತ್ರ ನಾವು ಮರೆಯದಿರೋಣ.

ನಮ್ಮದು ತೊಗರಿಯ ಮತ್ತು ಜೋಳದ ನೆಲ. ಕಲಬುರಗಿಯ ತೊಗರಿಬೇಳೆಗೆ 2019ರಲ್ಲಿ ಭೌಗೋಳಿಕ ಸೂಚಿಕೆಯ ಮನ್ನಣೆ ದೊರೆತು ಅದರ ಕೀರ್ತಿಗೆ ಮುದ್ರೆ ಬಿದ್ದಿತು. ಕಾಯಿಪಲ್ಯದ ವಿಷಯದಲ್ಲಿ ಮಾತ್ರ ಈ ಎರೆಭೂಮಿಗೆ ಅಂಥ ಕೀರ್ತಿಯಿಲ್ಲ. ಕಾಗಿಣಾ ನದಿಯ ದಡದಲ್ಲಿ, ಚಿಂಚೋಳಿಯ ಕಡೆ ಮುಲ್ಲಾಮಾರಿಯ ಮತ್ತು ಚಂದ್ರಂಪಳ್ಳಿ ಜಲಾಶಯದ ನೀರು ಹರಿಯುವಲ್ಲಿ, ಬಾವಿ ಬೋರುಗಳ ಆಸರೆಯಿರುವಲ್ಲಿ ಮಾತ್ರ ಬಳ್ಳಿತೋಟಗಳನ್ನು ಕಾಣಬಹುದಷ್ಟೆ. ಆದರೆ ಹೀರೆಯು ಎಕರೆಗಳನ್ನು ಬೇಡುವ ಬೆಳೆಯಲ್ಲ. ಬಚ್ಚಲ ನೀರು ಹರಿಯುವ ಕಡೆ ನಾಲ್ಕು ಬೀಜಗಳನ್ನೂರಿ, ಜಾಲಿಯ ಒಣಕೊಂಬೆಯೊಂದನ್ನು ಹಂದರಕ್ಕೆ ನಿಲ್ಲಿಸಿದರೆ, ಎರಡು ತಿಂಗಳೊಳಗೆ ಅದು ಮಾಳಿಗೆಯನ್ನು ಹತ್ತುವುದು. ಅದರ ಹಳದಿ ಹೂಗಳು ಸಂಜೆಯ ಹೊತ್ತಿಗೆ ಅರಳುವುವು. ಮುಂಜಾನೆ ಅರಳುವ ಕುಂಬಳದ ಹೂವಿಗೂ ಇದಕ್ಕೂ ಇರುವ ಈ ವ್ಯತ್ಯಾಸವನ್ನು ಹಿತ್ತಲಿರುವ ಮನೆಗಳ ಮಕ್ಕಳೆಲ್ಲರೂ ಬಲ್ಲರು. ಮೊದಲು ಬರುವ ಹೂಗಳೆಲ್ಲ ಗಂಡು. ಬುಡದಲ್ಲಿ ಕಿರುಬೆರಳಿನ ಗಾತ್ರದ ಕಾಯಿಯನ್ನು ಹೊತ್ತುಕೊಂಡೇ ಹುಟ್ಟುವ ಹೆಣ್ಣು ಹೂಗಳು ಅನಂತರದವು. ಬಿಸಿಲು ಅತಿಯಾದಂತೆ ಗಂಡು ಹೂಗಳ ಸಂಖ್ಯೆ ಏರುತ್ತ ಹೆಣ್ಣು ಹೂಗಳು ವಿರಳವಾಗುವುದು ಈ ಕುಲದ ಸ್ವಭಾವ. ಆದುದರಿಂದ ಮೇ ತಿಂಗಳಲ್ಲಿ ಬಳ್ಳಿ ತುಂಬ ಹೂವಿದ್ದೂ ಕಾಯಿಲ್ಲವೆಂದು ಕೊರಗುವವರು ಬೀಜ ಮಾರಿದವನನ್ನು ಶಪಿಸುವುದು ಸಲ್ಲದು. ಬೆಂಗಳೂರಿನ ತೋಟಗಾರಿಕಾ ಸಂಶೋಧನಾ ಸಂಸ್ಥೆಯು ಅರ್ಕಾ ಸುಮೀತ್, ಅರ್ಕಾ ಸುಜಾತ್ ಎಂಬ ಹೀರೆಯ ತಳಿಗಳನ್ನು ಕೊಟ್ಟಿರುವುದರಿಂದ ಒಳ್ಳೆಯ ಬೀಜಕ್ಕೂ ಬರವಿಲ್ಲ.

ಇನ್ನು ಪಾಕದ ಮಾತು. ಹೀರೇಕಾಯಿ ಪಲ್ಯ ಸಪ್ಪೆಯೆಂಬ ದೂರಿನಲ್ಲಿ ಮುಕ್ಕಾಲು ಪಾಲು ಅಡಿಗೆ ಮಾಡುವವರ ಅಪರಾಧವೇ ಹೊರತು ಕಾಯಿಯದಲ್ಲ. ಅದನ್ನು ಸಣ್ಣಗೆ ಹೆಚ್ಚಿ, ಮೊದಲಿಗೇ ಉಪ್ಪು ಸುರಿದು, ಸಾಲದುದಕ್ಕೆ ಒಂದು ಲೋಟ ನೀರನ್ನೂ ಹೊಯ್ದು, ಮುಚ್ಚಳ ಮುಚ್ಚಿ ಮರೆತುಬಿಟ್ಟರೆ, ತೆಗೆದು ನೋಡುವ ಹೊತ್ತಿಗೆ ಬೋಗುಣಿಯಲ್ಲಿ ಉಳಿಯುವುದು ಪಲ್ಯವೂ ಅಲ್ಲ, ಸಾರೂ ಅಲ್ಲ. ಉಪ್ಪು ಬಿದ್ದೊಡನೆ ಕಾಯಿಯ ಒಡಲೊಳಗಿನ ನೀರೆಲ್ಲ ಹೊರಕ್ಕೆ ಸೆಳೆಯಲ್ಪಡುವುದು. ಹೀಗೆ ಹೊರಬಂದ ನೀರಿನಲ್ಲಿ ಹೋಳುಗಳು ಬಾಡದೆ ಬೇಯದೆ ತೊಯ್ದು ಮೆತ್ತಗಾಗುವುವು. ಆದುದರಿಂದ ಮೊದಲು ಮಾಡಬೇಕಾದ ಕೆಲಸವೆಂದರೆ ಅರ್ಧ ಕಿಲೋ ಎಳೆಯ ಕಾಯಿಗಳನ್ನು ತೊಳೆದು, ಏಣುಗಳನ್ನಷ್ಟೇ ಹೆರೆದು, ಮಿಕ್ಕ ತೆಳು ಸಿಪ್ಪೆಯನ್ನು ಹಾಗೆಯೇ ಬಿಟ್ಟು, ಹೆಬ್ಬೆರಳಿನ ಗೆಣ್ಣಿನಷ್ಟು ದಪ್ಪನಾಗಿ ಹೆಚ್ಚಿಕೊಳ್ಳುವುದು. ಬೆಂದಾಗ ಅವು ಅರ್ಧಕ್ಕಿಳಿಯುವುದರಿಂದ ದಪ್ಪವಿದ್ದರೇ ಲೇಸು. ಒಂದು ಹಿಡಿ ಹೆಸರುಬೇಳೆಯನ್ನು ಅರ್ಧ ಗಂಟೆ ಮುಂಚೆ ನೆನೆಯಿಟ್ಟಿರಬೇಕು. ಕಡಾಯಿ ಚೆನ್ನಾಗಿ ಕಾದ ಮೇಲೆ ಎರಡು ಸಣ್ಣ ಚಮಚ ಎಣ್ಣೆ, ಅದರಲ್ಲಿ ಸಾಸಿವೆ, ಜೀರಿಗೆ, ಜಜ್ಜಿದ ನಾಲ್ಕೈದು ಎಸಳು ಬಳ್ಳೊಳ್ಳಿ, ಸೀಳಿದ ಹಸಿಮೆಣಸಿನಕಾಯಿ, ಹೆಚ್ಚಿದ ಒಂದು ಉಳ್ಳಾಗಡ್ಡಿ. ಬಳ್ಳೊಳ್ಳಿಯ ಅಂಚು ಕೆಂಪಗಾಗಿ ಅದರ ಘಮವು ಪಡಸಾಲೆಗೆ ಮುಟ್ಟಿದಾಗ ಚಿಟಿಕೆ ಅರಿಶಿನ, ಸೋಸಿದ ಬೇಳೆ, ಕಾಯಿಯ ಹೋಳುಗಳು. ನೀರು ಬೇಡವೇ ಬೇಡ. ದೊಡ್ಡ ಉರಿಯಲ್ಲಿ ಎರಡು ನಿಮಿಷ ಕೈಯಾಡಿಸಿ, ಆಮೇಲೆ ಉರಿಯನ್ನು ತಗ್ಗಿಸಿ ಮುಚ್ಚಳವಿಟ್ಟರೆ ಕಾಯಿಯು ತನ್ನಷ್ಟಕ್ಕೆ ಬಿಡುವ ನೀರಿನಲ್ಲಿಯೇ ಬೇಳೆ ಎಂಟು ಹತ್ತು ನಿಮಿಷಗಳಲ್ಲಿ ಅರಳುವುದು. ಬೇಳೆಯನ್ನು ಬೆರಳುಗಳ ನಡುವೆ ಹಿಸುಕಿದರೆ ಒಡೆಯಬೇಕು, ಆದರೆ ಅದರ ಆಕಾರ ಅಳಿಯಬಾರದು. ಆಗಲೇ ಉಪ್ಪು, ಆಗಲೇ ಎರಡು ಚಮಚ ಶೇಂಗಾಪುಡಿ, ಆಗಲೇ ಕೊತ್ತಂಬರಿ. ಕಡೆಯ ಒಂದು ನಿಮಿಷ ಮುಚ್ಚಳ ತೆಗೆದು ಉರಿ ಹೆಚ್ಚಿಸಿ ತೇವವನ್ನಾರಿಸಿದರೆ ಪಲ್ಯವು ಸಿದ್ಧ. ಮಸಾಲೆಯ ಪುಡಿಗಳನ್ನು ಇದರ ಮೇಲೆ ಹೇರುವವರೂ ಉಂಟು. ಅವರಿಗೆ ಬದನೆಕಾಯಿಯನ್ನೇ ಬಿಟ್ಟುಕೊಡುವುದು ಒಳ್ಳೆಯದು.

ಮಗನು ತಂದ ಜುಕಿನಿಯೇ ಮನೆಯಲ್ಲಿದ್ದರೆ ಕೆಲಸ ಇನ್ನೂ ಹಗುರ. ಅದರ ಸಿಪ್ಪೆಯನ್ನು ತೆಗೆಯಬೇಕಾಗಿಲ್ಲ. ಅರ್ಧಚಂದ್ರದ ಹೋಳುಗಳನ್ನು ಅದೇ ಒಗ್ಗರಣೆಯಲ್ಲಿ, ಬೇಳೆಯಿಲ್ಲದೆ, ಮುಚ್ಚಳವನ್ನೂ ಇಡದೆ, ದೊಡ್ಡ ಉರಿಯಲ್ಲಿ ನಾಲ್ಕೈದು ನಿಮಿಷ ಬಾಡಿಸಿ ಶೇಂಗಾಪುಡಿ ಉದುರಿಸಿದರೆ ರೊಟ್ಟಿಗೆ ಅದೂ ಒದಗುವುದು.

ಇಷ್ಟು ಸುಲಭವಾದ ಪಲ್ಯವನ್ನು ಕೆಲಸಗಾರರು ಬುತ್ತಿಗೆ ಕಟ್ಟಿಕೊಳ್ಳದಿರುವುದೇಕೆಂದು ಕೇಳಿದರೆ, ಅದಕ್ಕೆ ಕೇವಲ ತಿರಸ್ಕಾರವಲ್ಲದೆ ಒಂದು ನಿಜವಾದ ಅಡಚಣೆಯೂ ಉಂಟೆಂಬುದನ್ನು ಒಪ್ಪಬೇಕು. ನಿಜಾಮರ ಕಾಲದಲ್ಲಿ, 1874ರಲ್ಲಿ, ವಾಡಿಯಿಂದ ಸಿಕಂದರಾಬಾದಿಗೆ ರೈಲುಹಾದಿ ಬಿದ್ದಂದಿನಿಂದ ಚಿತ್ತಾಪುರ ಸೇಡಂಗಳ ಜನ ಬುತ್ತಿ ಹಿಡಿದು ಬಂಡಿಯೇರುವುದನ್ನು ಕಲಿತರು. ಸಿಮೆಂಟಿನ ಕಾರ್ಖಾನೆಗಳು ಎದ್ದ ಮೇಲೆ ಪಾಳಿಗೆ ಹೋಗುವವರ ಬುತ್ತಿ, ಶಹಾಬಾದದ ಫರಸಿಕಲ್ಲಿನ ಗಣಿಗಳಲ್ಲಿ ಉಳಿ ಸುತ್ತಿಗೆ ಹಿಡಿದವರ ಬುತ್ತಿ ಅದಕ್ಕೆ ಕೂಡಿಕೊಂಡುವು. (ಚಿಂಚೋಳಿಗೆ ಮಾತ್ರ ಇಂದಿಗೂ ರೈಲಿಲ್ಲ; ಅಲ್ಲಿಯ ಬುತ್ತಿ ಬಸ್ಸಿನಲ್ಲಿಯೇ ಸಾಗಬೇಕು.) ನಸುಕಿನ ಐದಕ್ಕೆ ಕಟ್ಟಿದ ಬುತ್ತಿಯನ್ನು ಮಧ್ಯಾಹ್ನ ಬಿಚ್ಚುವ ಹೊತ್ತಿಗೆ ಬಿಸಿಲಿನ ತಾಪದಲ್ಲಿ ನೀರುನೀರಾದ ಪಲ್ಯವು ಹುಳಿವಾಸನೆ ಹಿಡಿಯುವುದುಂಟು, ರೊಟ್ಟಿಯನ್ನು ತೋಯಿಸಿ ಕೆಡಿಸುವುದೂ ಉಂಟು. ಶೇಂಗಾ ಹಿಂಡಿ, ಅಗಸಿ ಹಿಂಡಿ, ಒಣ ಬೇಳೆಯ ಪಲ್ಯಗಳು ಬುತ್ತಿಯಲ್ಲಿ ಪ್ರತಿಷ್ಠೆ ಪಡೆದುದು ಈ ಕಾರಣದಿಂದಲೇ. ನಮ್ಮ ತಾಯಂದಿರು ಅವಿವೇಕಿಗಳಾಗಿರಲಿಲ್ಲ. ಹೀರೆಯನ್ನು ಬುತ್ತಿಗೆ ಸೇರಿಸಬೇಕಾದರೆ ಅದರ ನೀರಿಗೆ ಒಂದು ದಾರಿ ಕಾಣಿಸಬೇಕು. ಹೆಸರುಬೇಳೆಯೂ ಶೇಂಗಾಪುಡಿಯೂ ಮೇಲೆ ಹೇಳಿದ ಪಾಕದಲ್ಲಿ ಸೇರಿರುವುದು ರುಚಿಗಾಗಿ ಮಾತ್ರವಲ್ಲ, ಆ ನೀರನ್ನು ಹೀರಿ ಹಿಡಿದಿಡುವುದಕ್ಕಾಗಿ. ಪುಡಿಯನ್ನು ಒಂದು ಚಮಚ ಹೆಚ್ಚಿಸಿ, ಅಥವಾ ಅದಕ್ಕೆ ಬದಲು ಗುರೆಳ್ಳು ಪುಡಿಯನ್ನು ಹಾಕಿ, ಪಲ್ಯ ಪೂರ್ತಿ ಆರಿದ ಮೇಲೆಯೇ ಡಬ್ಬಿಯ ಮುಚ್ಚಳ ಹಾಕಿದರೆ ಬುತ್ತಿಯ ಆಯುಷ್ಯ ಹೆಚ್ಚುವುದು. ಬಿಸಿಯಿರುವಾಗಲೇ ಬಿಗಿದ ಡಬ್ಬಿಯೊಳಗೆ ಹಬೆಯು ಮತ್ತೆ ನೀರಾಗಿ ಪಲ್ಯದ ಮೇಲೆಯೇ ತೊಟ್ಟಿಕ್ಕುವುದನ್ನು ಮುಚ್ಚಳದ ಒಳಮೈಯನ್ನು ನೋಡಿದವರೆಲ್ಲರೂ ಬಲ್ಲರು.

ಈ ಕುಲದ ಕಾಯಿಗಳನ್ನು ಹೊಗಳುವವನು ಹೇಳದೆ ಬಿಡಬಾರದ ಒಂದು ಎಚ್ಚರಿಕೆಯುಂಟು. ಹೀರೆ, ಸೋರೆ, ಜುಕಿನಿ, ಯಾವುದೇ ಆಗಲಿ, ಹೆಚ್ಚುವ ಮೊದಲು ತುದಿಯ ಒಂದು ಚೂರನ್ನು ನಾಲಗೆಗೆ ಮುಟ್ಟಿಸಿ ನೋಡಬೇಕು. ಕಹಿಯೆನಿಸಿದರೆ ಉಗುಳಿ ಬಾಯಿ ಮುಕ್ಕಳಿಸಿ ಕಾಯಿಯನ್ನು ತಿಪ್ಪೆಗೆಸೆಯಬೇಕು. ಆ ಕಹಿಯು ಕುಕರ್ಬಿಟಾಸಿನ್ ಎಂಬ ವಿಷದ ಗುರುತು. ಬೇಯಿಸಿದರೂ ಅದು ನಾಶವಾಗದು, ಬೆಲ್ಲ ಹಾಕಿದರೂ ಶಾಂತವಾಗದು. 2010ರಲ್ಲಿ ದೆಹಲಿಯಲ್ಲಿ ಕಹಿಸೋರೆಯ ರಸವನ್ನು ಆರೋಗ್ಯಕ್ಕೆಂದು ಕುಡಿದ ವಿಜ್ಞಾನಿಯೊಬ್ಬರು ಪ್ರಾಣ ಕಳೆದುಕೊಂಡ ತರುವಾಯ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ತಜ್ಞರ ಸಮಿತಿಯು ವಿಚಾರಣೆ ನಡೆಸಿ, ಕಹಿಯಾದ ರಸವನ್ನು ಕುಡಿಯಲೇಬಾರದೆಂದು ಸಾರಿತು. ನಮ್ಮ ಪ್ರಾಚೀನರಿಗೆ ಈ ಕಹಿಯ ಬಲ ಅಪರಿಚಿತವಾಗಿರಲಿಲ್ಲ. ಚರಕಸಂಹಿತೆಯ ಕಲ್ಪಸ್ಥಾನದಲ್ಲಿ ವಮನಕ್ಕೆಂದು, ಎಂದರೆ ವಾಂತಿ ಮಾಡಿಸುವುದಕ್ಕೆಂದು, ವಿಧಿಸಿರುವ ಆರು ದ್ರವ್ಯಗಳಲ್ಲಿ ಇಕ್ಷ್ವಾಕು ಎಂಬ ಕಹಿಸೋರೆಯೂ ಹೀರೆಯ ಕಹಿಬಂಧುಗಳೂ ಸೇರಿವೆ. ವಾಂತಿಗಾಗಿ ವೈದ್ಯನು ತೂಗಿ ಕೊಡುತ್ತಿದ್ದುದನ್ನು ಇಂದು ತೂಕ ಇಳಿಯಲೆಂದು ಲೋಟಗಟ್ಟಲೆ ಬರಿಹೊಟ್ಟೆಗೆ ಸುರಿದುಕೊಳ್ಳುವವರಿದ್ದಾರೆಂದರೆ, ಹಿತಾಹಾರವೆಂಬುದೂ ಒಂದು ವ್ಯಸನವಾಗಬಲ್ಲುದೆಂದಾಯಿತು. ನಾನು ಪಕ್ಷ ವಹಿಸುತ್ತಿರುವುದು ಪಲ್ಯದ ಕಡೆಗೆ, ರಸದ ಕಡೆಗಲ್ಲ.

ಆಹಾರದ ಹಿತಾಹಿತಗಳನ್ನು ಕುರಿತ ವಾದ ಈ ಮಣ್ಣಿಗೆ ನಿನ್ನೆ ಮೊನ್ನೆ ಬಂದುದಲ್ಲ. ಸೇಡಂ ತಾಲ್ಲೂಕಿನ ಮಳಖೇಡ, ಇಂದು ಕಾಗಿಣಾ ತೀರದಲ್ಲಿ ಕೋಟೆಯ ಅವಶೇಷಗಳನ್ನು ಹೊತ್ತು ನಿಂತಿರುವ ಆ ಊರು, 9ನೆಯ ಶತಮಾನದಲ್ಲಿ ರಾಷ್ಟ್ರಕೂಟರ ರಾಜಧಾನಿಯಾದ ಮಾನ್ಯಖೇಟವಾಗಿದ್ದಾಗ, ಕಲ್ಯಾಣಕಾರಕವೆಂಬ ಸಂಸ್ಕೃತ ವೈದ್ಯಗ್ರಂಥವನ್ನು ರಚಿಸಿದ ಜೈನಾಚಾರ್ಯ ಉಗ್ರಾದಿತ್ಯನು ಅಮೋಘವರ್ಷ ನೃಪತುಂಗನ ಸಭೆಯಲ್ಲಿ ಮಾಂಸಾಹಾರದ ನಿಷ್ಪ್ರಯೋಜನವನ್ನು ಪ್ರತಿಪಾದಿಸಿದನೆಂದು ಆ ಗ್ರಂಥದ ಕೊನೆಯ ಹಿತಾಹಿತಾಧ್ಯಾಯದಿಂದ ತಿಳಿದುಬರುತ್ತದೆ. ಆತನ ಸಿದ್ಧಾಂತವನ್ನು ಎಲ್ಲರೂ ಒಪ್ಪಬೇಕೆಂದಿಲ್ಲ, ನಾನೂ ಅದನ್ನು ಒತ್ತಾಯಿಸುವವನಲ್ಲ. ಆದರೆ ಊಟದ ತಟ್ಟೆಯಲ್ಲಿ ಏನಿರಬೇಕೆಂಬುದು ಚಕ್ರವರ್ತಿಯೊಬ್ಬನು ವಿದ್ವಾಂಸರನ್ನು ಕೂರಿಸಿಕೊಂಡು ಕೇಳತಕ್ಕ ಘನವಿಷಯವೆಂದು ಇಲ್ಲಿಯವರು ಒಂದು ಕಾಲದಲ್ಲಿ ತಿಳಿದಿದ್ದರು. ಇಂದಿನ ವಿದ್ವಾಂಸರೂ ದೂರದಲ್ಲಿಲ್ಲ. 1918ರಲ್ಲಿ ಕೂನೂರಿನಲ್ಲಿ ಆರಂಭವಾಗಿ 1958ರಲ್ಲಿ ಹೈದರಾಬಾದಿಗೆ ಬಂದು ನೆಲೆಸಿದ ರಾಷ್ಟ್ರೀಯ ಪೋಷಣಾ ಸಂಸ್ಥೆಯು 2024ರಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ, ಒಬ್ಬನ ದಿನದ ಆಹಾರದಲ್ಲಿ ಸೊಪ್ಪು ಕಾಯಿಪಲ್ಯಗಳು 400 ಗ್ರಾಂ, ಹಣ್ಣು 100 ಗ್ರಾಂ ಇರಬೇಕೆಂದೂ, ಎಣ್ಣೆ ಕೊಬ್ಬುಗಳು 27 ಗ್ರಾಮಿಗೆ ನಿಲ್ಲಬೇಕೆಂದೂ ಹೇಳಿದೆ. ನಮ್ಮ ಸಾಮಾನ್ಯ ತಟ್ಟೆಯನ್ನು ಈ ಅಳತೆಯ ಪಕ್ಕದಲ್ಲಿಟ್ಟು ನೋಡಿದರೆ ರೊಟ್ಟಿಯ ವಿಷಯದಲ್ಲಿ ನಾವು ಧಾರಾಳಿಗಳು, ಬೇಳೆಯ ವಿಷಯದಲ್ಲಿ ಭಾಗ್ಯವಂತರು, ಪಲ್ಯದ ವಿಷಯದಲ್ಲಿ ಜುಗ್ಗರೆಂದು ಕಣ್ಣಿಗೆ ಕಾಣುವುದು. ರೊಟ್ಟಿಯ ತುದಿಗೆ ತಗುಲಿಸಿಕೊಳ್ಳುವಷ್ಟೇ ಪಲ್ಯವೆಂಬುದು ನಮ್ಮ ರೂಢಿ. ಎಣ್ಣೆ ಮಸಾಲೆಗಳ ಪಲ್ಯವನ್ನು ಅದಕ್ಕಿಂತ ಹೆಚ್ಚು ಉಣ್ಣುವುದೂ ಕಷ್ಟವೇ. ಬಟ್ಟಲು ತುಂಬ ಉಂಡರೂ ಹೊಟ್ಟೆಗೆ ಭಾರವಾಗದಿರುವುದು ಹೀರೆಯಂಥ ಎಳೆಗಾಯಿಗಳ ಪಲ್ಯ ಮಾತ್ರ.

ಸಂಕ್ರಾಂತಿಯ ಹಿಂದಿನ ಭೋಗಿಯ ದಿನ ಸಜ್ಜಿ ರೊಟ್ಟಿಯೊಡನೆ ಕಂಡಕಂಡ ಕಾಯಿ, ಕಾಳು, ಸೊಪ್ಪುಗಳನ್ನೆಲ್ಲ ಕೂಡಿಸಿ ಬಜ್ಜಿ ಪಲ್ಯ ಮಾಡಿ, ಬಟ್ಟಲುಗಟ್ಟಲೆ ಉಣ್ಣುವ ಸಂಪ್ರದಾಯ ನಮ್ಮಲ್ಲಿಯೇ ಇರುವುದರಿಂದ, ಪಲ್ಯವನ್ನು ಹೆಚ್ಚು ಉಣ್ಣುವ ವಿದ್ಯೆ ನಮಗೆ ಬಾರದುದೆಂದು ಹೇಳುವಂತಿಲ್ಲ. ವರ್ಷಕ್ಕೊಂದು ದಿನ ಮಾಡುವುದನ್ನು ವಾರಕ್ಕೆರಡು ದಿನ ಮಾಡಬೇಕಾಗಿದೆಯಷ್ಟೆ. ಮನೆಗಳಲ್ಲಿ ಇದು ಗೃಹಿಣಿಯರ ಮರ್ಜಿಗಿಂತ ಉಣ್ಣುವ ಗಂಡಸರ ಬಾಯಿಗೆ ಸಂಬಂಧಪಟ್ಟುದು; ತಟ್ಟೆ ನೋಡಿ ಮುಖ ಗಂಟಿಕ್ಕುವುದನ್ನು ಅವರು ಬಿಟ್ಟರೆ ಅರ್ಧ ಕಾರ್ಯ ಆದಂತೆಯೇ. ಸಾರ್ವಜನಿಕ ಅಡಿಗೆಮನೆಗಳ ಹೊಣೆ ಇದಕ್ಕಿಂತ ದೊಡ್ಡದು. ಶರಣಬಸವೇಶ್ವರರ ದಾಸೋಹದ ನೆಲವಾದ ಈ ಜಿಲ್ಲೆಯೂ ಸೇರಿದಂತೆ ಈಶಾನ್ಯದ ಜಿಲ್ಲೆಗಳಲ್ಲಿಯೇ ಮೊದಲು ಆರಂಭವಾದ ಅಕ್ಷರ ದಾಸೋಹದ ಬಿಸಿಯೂಟ, ಅಂಗನವಾಡಿ, ವಿದ್ಯಾರ್ಥಿನಿಲಯ, ಕಾರ್ಖಾನೆಗಳ ಕ್ಯಾಂಟೀನು, ಇವುಗಳಲ್ಲಿ ತರಕಾರಿಯೆಂದರೆ ಸಾಂಬಾರಿನೊಳಗೆ ಹುಡುಕಿ ತೆಗೆಯಬೇಕಾದ ಆಲೂಗಡ್ಡೆಯ ಹೋಳು ಎಂಬಂತಾಗದೆ, ಬೇರೆಯಾಗಿ ಬಡಿಸುವ ಒಂದು ಪಲ್ಯ ವಾರಕ್ಕೆರಡು ಸಲವಾದರೂ ಬರಬೇಕು. ನೂರು ಮಂದಿಗೆ ಹೀರೇಕಾಯಿ ಪಲ್ಯ ಮಾಡಲಾಗದೆಂದು ಅಡಿಗೆಯವರು ಹೇಳುವುದುಂಟು, ಮತ್ತು ಒಂದೇ ಹಂಡೆಯಲ್ಲಿ ಎಲ್ಲವನ್ನೂ ಒಮ್ಮೆಗೇ ಸುರಿದು ಬೇಯಿಸುವವರೆಗೆ ಅವರ ಮಾತು ದಿಟವೇ. ಅಷ್ಟು ಕಾಯಿ ಒಟ್ಟಿಗೆ ನೀರು ಬಿಟ್ಟರೆ ತಳದ್ದು ಗಂಜಿಯಾಗಿ ಮೇಲಿನದು ಹಸಿಯುಳಿಯುವುದು. ಅಗಲವಾದ ಕಡಾಯಿಯಲ್ಲಿ ನಾಲ್ಕು ಕಂತಾಗಿ, ಒಂದೊಂದು ಸಲಕ್ಕೆ ಹೋಳುಗಳು ಎರಡು ಬೆರಳಿನ ದಪ್ಪಕ್ಕಿಂತ ಹೆಚ್ಚು ಪೇರದಂತೆ ಬಾಡಿಸಿ, ಹೆಸರುಬೇಳೆಯನ್ನು ಬೇರೆ ಬೇಯಿಸಿಟ್ಟುಕೊಂಡು ಕಡೆಯಲ್ಲಿ ಕೂಡಿಸಿದರೆ ಆ ತೊಡಕು ಉಳಿಯದು. ಹೆರೆದ ಏಣುಗಳನ್ನು ಎಸೆಯುವ ಮುನ್ನ ಅಡಿಗೆಯವರು ಅವನ್ನು ಎರಡು ಹಸಿಮೆಣಸಿನಕಾಯಿ, ಹುಣಿಸೆ, ಹುರಿದ ಶೇಂಗಾಗಳೊಡನೆ ರುಬ್ಬಿಕೊಂಡರೆ ಅದೇ ದಿನದ ರೊಟ್ಟಿಗೆ ಚಟ್ನಿಯೂ ಆಗುವುದು, ಅದಕ್ಕೆಂದು ಬೇರೆ ಖರ್ಚು ಬರೆಯಬೇಕಾಗಿಲ್ಲ.